ನಮ್ಮ ಮನೆಯ ಸವ್ವಾ

ಬೀದರಿನಲ್ಲಿ ‘ಸವ್ವಾ’ ಅಂದರೆ ಎಷ್ಟು ಎಂದು ಹೊರಗಿನವರು ಯಾರಾದರೂ ಕೇಳಿದರೆ ನಾನು, ‘ಅಂದವರು ಯಾರು?’ ಎಂದು ತಿರುಗಿ ಕೇಳುತ್ತೇನೆ. ಸವ್ವಾ ಎಂದರೆ ಒಂದೂಕಾಲು, ಅಷ್ಟು ಎಲ್ಲರಿಗೂ ಗೊತ್ತು. ಆದರೆ ಏನು ಒಂದೂಕಾಲು ಎಂಬುದನ್ನು ನಮ್ಮ ಕಡೆ ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಹೊಲಿಗೆ ಮಾಡುವ ನನಗೆ ಸವ್ವಾ ಎಂದರೆ ಸವ್ವಾ ಮೀಟರು ಬಟ್ಟೆ. ಔರಾದ ಕಡೆಯ ರೈತನಿಗೆ ಸವ್ವಾ ಎಕರೆ. ಪ್ಲಾಟಿನ ಧಂಧೆಯವರಿಗೆ ಸವ್ವಾ ಲಾಖ, ಅಂದರೆ ಒಂದು ಲಕ್ಷ ಇಪ್ಪತ್ತೈದು ಸಾವಿರ. ದೇವರ ಮುಂದೆ ನಿಂತವರಿಗೆ ಸವ್ವಾ ಕಿಲೋ ಸಕ್ಕರೆ. ಹರಕೆ ಹೊತ್ತವರು ನಮ್ಮಲ್ಲಿ ಬರೀ ಒಂದು ಕಿಲೋ ಕೊಡುವುದಿಲ್ಲ, ಮೇಲೆ ಪಾವು ಕಿಲೋ ಸೇರಿಸಿಯೇ ಕೊಡುತ್ತಾರೆ. ಈ ಅರ್ಧ ಮಾತಿನಿಂದ ನಮ್ಮ ಸಂಸಾರ ಒಮ್ಮೆ ಹಳ್ಳಕ್ಕೆ ಬಿತ್ತು, ಅದೇ ಅರ್ಧ ಮಾತು ಹಿಡಿದುಕೊಂಡು ಮೇಲೆ ಬಂತು. ಈಗ ಹೇಳುವಾಗ ನನಗೆ ನಗು ಬರುತ್ತದೆ. ಆಗ ಬಂದಿರಲಿಲ್ಲ.

ನನ್ನ ತವರು ಭಾಲ್ಕಿ, ಕೊಟ್ಟದ್ದು ಬೀದರಿಗೆ. ಅತ್ತೆಯ ಊರು ಔರಾದ ತಾಲೂಕಿನ ಎಕಂಬಾ. ಮಾವ ತೀರಿದ ಮೇಲೆ ನಮ್ಮ ಜೊತೆಗೇ ಇದ್ದಾರೆ. ನಮ್ಮ ಮನೆಯವರು ಊರ ಹೊರಗೆ ಕೊಳಾರದ ಒಂದು ಗೋದಾಮಿನಲ್ಲಿ ಸ್ಟೋರ್ ನೋಡಿಕೊಳ್ಳುತ್ತಾರೆ. ನಾನು ಪಡಸಾಲೆಯಲ್ಲಿ ಮಷೀನು ಇಟ್ಟುಕೊಂಡು ಬ್ಲೌಸು, ಸೀರೆಯ ಫಾಲು, ಮಕ್ಕಳ ಫ್ರಾಕು ಹೊಲಿಯುತ್ತಿದ್ದೆ. ಪೇಟೆಯಲ್ಲಿ ಸ್ವಂತದ್ದೊಂದು ಅಂಗಡಿ ಹಾಕಬೇಕು ಎಂಬುದು ನನ್ನ ಹಳೆಯ ಆಸೆ. ಪಡಸಾಲೆಗೆ ಬಂದ ಗಿರಾಕಿಗಳು ಹತ್ತು ರೂಪಾಯಿಗೆ ಜಗ್ಗಾಡುತ್ತಾರೆ. ಅಂಗಡಿಯ ಮೆಟ್ಟಿಲು ಹತ್ತಿದರೆ ಅದೇ ಜನ ಕೇಳಿದಷ್ಟು ಕೊಟ್ಟು ಬರುತ್ತಾರೆ. ಅದೇ ಕೈ, ಅದೇ ಕತ್ತರಿ, ಮೇಲೊಂದು ಬೋರ್ಡು ಇರಬೇಕು ಅಷ್ಟೇ. ತವರಿನವರು ಕೊಟ್ಟ ಬಂಗಾರದ ಬಳೆ, ನಮ್ಮ ಪಾಟ್ಲಿ, ಮಾರಿದೆ, ವರ್ಷಗಟ್ಟಲೆ ಹೊಲಿಗೆಯಲ್ಲಿ ಉಳಿಸಿದ್ದನ್ನು ಸೇರಿಸಿದೆ. ಅಂಗಡಿಯ ಡಿಪಾಜಿಟ್ಟಿಗೂ ಸೀರೆಯ ಅಂಚು ಹೊಲಿಯುವ ಒಂದು ಪಿಕೋ ಮಷೀನಿಗೂ ಆಗುವಷ್ಟು ರೊಕ್ಕ ನಮ್ಮಿಬ್ಬರ ಹೆಸರಿನ ಬ್ಯಾಂಕ್ ಖಾತೆಯಲ್ಲಿ ಕೂತಿತ್ತು. ಗಣಪತಿ ಹಬ್ಬ ಮುಗಿದ ಕೂಡಲೇ ಕೀಲಿ ಕೊಡುವುದಾಗಿ ಅಂಗಡಿ ಮಾಲೀಕ ಮಾತು ಕೊಟ್ಟಿದ್ದ.

ನಮ್ಮ ಕಾಲೋನಿಯ ಗಣಪತಿಗೆ ಮೊದಲಿನಿಂದಲೂ ಪೆಂಡಾಲು ಕಟ್ಟುವುದು, ವೈರು ಎಳೆಯುವುದು, ಕಡೆಗೆ ಎಲ್ಲ ಬಿಚ್ಚಿ ಸುತ್ತಿಡುವುದು ನಮ್ಮ ಮನೆಯವರ ಕೆಲಸ. ಯಾರೂ ಹೇಳಿದ್ದಲ್ಲ, ಅವರಾಗಿಯೇ ಮಾಡುತ್ತ ಬಂದದ್ದು. ಮೂರ್ತಿಯ ಕೈಯಲ್ಲಿ ಇಡುವ ದೊಡ್ಡ ಲಾಡನ್ನು ವಿಸರ್ಜನೆಯ ದಿನ ಒಡೆದು ಎಲ್ಲರಿಗೂ ಹಂಚುತ್ತಿದ್ದರು. ಆಮೇಲೆ ಹೈದರಾಬಾದಿನ ಗಾಳಿ ಬೀಸಿತು. ಲಾಡು ಸವಾಲಿಗೆ, ಅಂದರೆ ಹರಾಜಿಗೆ, ಬಂತು. ಯಾರು ಹೆಚ್ಚು ಕೂಗುತ್ತಾರೋ ಅವರಿಗೆ ಲಾಡು, ಕೊರಳಿಗೆ ಹಾರ, ತಲೆಗೆ ಪೇಟಾ, ಮನೆತನಕ ಬ್ಯಾಂಡು. ಮೊದಲ ವರ್ಷ ಸಾವಿರದಲ್ಲಿ ಇದ್ದದ್ದು ನೋಡನೋಡುತ್ತ ಲಕ್ಷಕ್ಕೆ ಹತ್ತಿರ ಹೋಯಿತು. ಆ ರೊಕ್ಕದಲ್ಲಿ ಮರುವರ್ಷ ಇನ್ನೂ ದೊಡ್ಡ ಡಿಜೆ ತರಿಸಿ ನಮ್ಮ ಕಿವಿ ತೂತು ಮಾಡುತ್ತಿದ್ದರು.

ಆ ವರ್ಷ ಸವಾಲಿನ ಸಂಜೆ ನಮ್ಮ ಮನೆಯವರು ಸ್ಟೂಲಿನಿಂದ ಇಳಿದು, ಕೈ ಒರೆಸಿಕೊಂಡು, ಎಂದಿನಂತೆ ಮುಂದಿನ ಸಾಲಿನಲ್ಲಿ ಕೂತರು. ಕಮಿಟಿಯ ಹುಡುಗನೊಬ್ಬ ಬಂದ.

‘ಕಾಕಾ, ಸ್ವಲ್ಪ ಹಿಂದ ಸರೀರಿ. ಈ ಸೋಫಾ ಸವಾಲು ಹಿಡಿಯೋರಿಗಿ ಇಟ್ಟೇವಿ.’

ಹುಡುಗ ಕೆಟ್ಟವನಲ್ಲ, ಮರ್ಯಾದೆಯಿಂದಲೇ ಹೇಳಿದ. ಇವರು ಎದ್ದು ಹಿಂದೆ ಬಂದು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತರು. ಅವರು ಬಿಟ್ಟ ಜಾಗದಲ್ಲಿ ನಮ್ಮದೇ ಗಲ್ಲಿಯ ಇನ್ನೊಬ್ಬರು ಬಂದು ಕೂತರು. ಒಂದು ಕಾಲಕ್ಕೆ ಅವರೂ ಇವರೂ ಒಂದೇ ಸೈಕಲ್ಲಿನಲ್ಲಿ ಕೊಳಾರಕ್ಕೆ ಹೋಗುತ್ತಿದ್ದವರು. ಅಪ್ಪನ ಕಾಲದ ಹೊಲದ ಪಕ್ಕಕ್ಕೇ ಹೊಸ ರಸ್ತೆ ಬಂದು, ಪ್ಲಾಟು ಮಾಡಿ ಮಾರಿ, ಈಗ ಎಲ್ಲರೂ ಅವರನ್ನು ‘ಶೇಟ್‌ಜಿ’ ಅನ್ನುತ್ತಿದ್ದರು. ನಾನು ಹೆಂಗಸರ ಕಡೆ ಕೂತು ನಮ್ಮವರ ಮುಖ ನೋಡಿದೆ. ಮುಖ ಸಣ್ಣದಾಗಿತ್ತು.

ಸವಾಲು ಏರಿತು. ಕಿರಾಣಿ ಅಂಗಡಿಯವರು ಒಂದಿಷ್ಟು ಕೂಗಿದರು, ಶೇಟ್‌ಜಿ ಅದರ ಮೇಲೆ ಕೂಗಿದರು. ಕಡೆಗೆ ಶೇಟ್‌ಜಿ ಕಾಲ ಮೇಲೆ ಕಾಲು ಹಾಕಿ ‘ಒಂದು ಲಾಖ’ ಅಂದರು. ಸವಾಲು ಕೂಗುವವ ಮೈಕಿನಲ್ಲಿ ಕುಣಿದಾಡಿದ. ‘ಒಂದು ಲಾಖ ಒಂದನೇ ಸಲ! ಒಂದು ಲಾಖ ಎರಡನೇ ಸಲ!’

‘ಸವ್ವಾ!’

ಹಿಂದಿನ ಸಾಲಿನಿಂದ ಬಂದ ದನಿ. ಎಲ್ಲರೂ ತಿರುಗಿ ನೋಡಿದರು. ನಾನು ತಿರುಗಬೇಕಾಗಿರಲಿಲ್ಲ, ಅದು ನಮ್ಮ ಮನೆಯ ದನಿ.

‘ಸವ್ವಾ ಲಾಖ!’ ಎಂದು ಮೈಕಿನವ ಒದರಿದ. ಪಟಾಕಿ ಹಾರಿತು. ಶೇಟ್‌ಜಿ ಮುಂದೆ ಕೂಗಲಿಲ್ಲ, ನಕ್ಕು ಕೈ ಎತ್ತಿಬಿಟ್ಟರು. ಅದೇ ಹುಡುಗ ಓಡಿ ಬಂದು, ‘ಬರ್ರಿ ಅಣ್ಣಾ, ಮುಂದ ಬರ್ರಿ’ ಎಂದು ಇವರ ಕೈ ಹಿಡಿದು ಸೋಫಾದಲ್ಲಿ ಕೂಡಿಸಿದ. ಹತ್ತು ನಿಮಿಷದಲ್ಲಿ ಕಾಕಾ ಹೋಗಿ ಅಣ್ಣಾ ಆಗಿದ್ದರು. ವಿಸರ್ಜನೆಯ ದಿನ ಮಧ್ಯಾಹ್ನ ರೊಕ್ಕ ಕೊಟ್ಟು ಲಾಡು ಒಯ್ಯಬೇಕು ಎಂದು ಮೈಕಿನಲ್ಲಿ ಹೇಳಿದರು. ಆ ಸವ್ವಾ ಅವರ ಬಾಯಿಗೆ ಎಲ್ಲಿಂದ ಬಂತು ಎಂದು ಇಡೀ ಪೆಂಡಾಲಿನಲ್ಲಿ ನನಗೊಬ್ಬಳಿಗೇ ಗೊತ್ತಿತ್ತು. ಖಾತೆಯಲ್ಲಿ ಇದ್ದದ್ದೇ ಅಷ್ಟು.

ಮನೆಗೆ ಬಂದ ಮೇಲೆ ಕೇಳಿದೆ. ‘ಏನ್ರಿ ಇದು?’

‘ಬಾಯಾಗಿಂದ ಬಂದುಬಿಡ್ತು.’

‘ಬಾಯಾಗಿಂದ ಬರ್ಲಿಲ್ರಿ. ಬ್ಯಾಂಕಿನಾಗಿಂದ ಬಂತು. ನನ್ನ ಪಾಟ್ಲಿಯಾಗಿಂದ ಬಂತು.’

ನನಗೆ ಸಿಟ್ಟು ನೆತ್ತಿಗೇರಿತ್ತು. ‘ನಾಳಿಗೇ ಹೋಗಿ ಹೇಳ್ರಿ, ತಪ್ಪಾಯ್ತು, ನಮ್ಮಿಂದ ಆಗಂಗಿಲ್ಲ ಅಂತ’ ಅಂದೆ.

‘ಹ್ಯಾಂಗ ಹೇಳ್ಲಿ? ಅಷ್ಟ ಮಂದಿ ಮುಂದ ಕೂಗೀನಿ. ಆಮ್ಯಾಲ ಯಾರಿಗಿ ಮಾರಿ ತೋರಸ್ಲಿ?’

ಅತ್ತೆ ಮೂಲೆಯಲ್ಲಿ ಕೂತು ಮೆಂತ್ಯದ ಸೊಪ್ಪು ಬಿಡಿಸುತ್ತಿದ್ದರು. ಬೈಯಲಿಲ್ಲ, ಅಳಲಿಲ್ಲ. ಒಂದೇ ಮಾತು ಕೇಳಿದರು.

‘ತಮ್ಮಾ, ಒದರಿದಾಗ ನೀ ಏನಂದಿ? ನೆಟ್ಟಗ ಹೇಳು.’

‘ಸವ್ವಾ ಅಂದೆ.’

‘ಅಷ್ಟೇನಾ?’

‘ಅಷ್ಟೇ ಯವ್ವಾ.’

ಅತ್ತೆ ಮತ್ತೆ ಸೊಪ್ಪಿಗೆ ತಿರುಗಿದರು.

ಮರುದಿನದಿಂದ ನಮ್ಮ ಭಾಗ್ಯದ ಬಾಗಿಲು ತೆರೆಯಿತು, ಅಂದರೆ ಹೊರಗಿನಿಂದ ನೋಡುವವರಿಗೆ. ಹಾಲಿನವನು ಪಾತ್ರೆಗೆ ಹಾಲು ಹಾಕುತ್ತ, ‘ಅಕ್ಕೋರೆ, ಈ ತಿಂಗಳದ್ದು ಯಾವಾಗ ಆದ್ರೂ ಕೊಡ್ರಿ’ ಅಂದ. ತಿಂಗಳ ಮೂರನೇ ತಾರೀಖಿಗೇ ಬಾಗಿಲು ಬಡಿಯುವ ಮನುಷ್ಯ. ಗೋದಾಮಿನಲ್ಲಿ ಮ್ಯಾನೇಜರು ಇವರನ್ನು ಕರೆದು ಎದುರಿಗೆ ಕೂಡಿಸಿಕೊಂಡು ಚಹಾ ತರಿಸಿದರಂತೆ. ಪ್ರತಿ ಬ್ಲೌಸಿಗೂ ಜಗ್ಗಾಡುವ ಒಬ್ಬ ಗಿರಾಕಿ ಬಾಯಿ ಮುಚ್ಚಿಕೊಂಡು ಪೂರಾ ರೊಕ್ಕ ಇಟ್ಟು ಹೋದಳು. ಸುಳ್ಳು ಯಾಕೆ ಹೇಳಲಿ, ಆ ಒಂದು ಗಳಿಗೆ ನನಗೂ ಹಿತವಾಯಿತು. ಬೋರ್ಡಿಲ್ಲದೆಯೇ ಅಂಗಡಿ ಹಾಕಿದಂತೆ ಆಯಿತಲ್ಲ ಅಂದುಕೊಂಡೆ. ಆಮೇಲೆ ಬ್ಯಾಂಕಿನ ಪುಸ್ತಕ ನೆನಪಾಗಿ ಹಿತ ಅಲ್ಲೇ ಸತ್ತಿತು. ‘ದುಡ್ಡೇ ದೊಡ್ಡಪ್ಪ’ ಎಂದು ಗಾದೆ. ನಾನು ನೋಡಿದ್ದು ಬೇರೆ. ದುಡ್ಡು ಇರಲೇಬೇಕಂತಿಲ್ಲ, ಇದೆ ಎಂಬ ಸುದ್ದಿ ಇದ್ದರೂ ದೊಡ್ಡಪ್ಪ ಆಗಬಹುದು.

ನಾಗರ ಪಂಚಮಿಯಿಂದ ಫೋನು ಮಾಡದಿದ್ದ ಭಾಲ್ಕಿಯ ನನ್ನ ತಮ್ಮ ಫೋನು ಮಾಡಿದ. ಸೋಫಾದಲ್ಲಿ ಕೂತ ಇವರ ಫೋಟೋವನ್ನು ‘ನಮ್ಮ ಮಾವ’ ಎಂದು ಬರೆದು ಸ್ಟೇಟಸ್ಸಿಗೆ ಹಾಕಿದ್ದನಂತೆ. ‘ಅಕ್ಕಾ, ಇಷ್ಟ ರೊಕ್ಕ ಮಾಡೀರಿ, ನಮಗ ಹೇಳೇ ಇಲ್ಲಲ್ಲ?’ ಅಂದ. ನಾನು ಏನು ಹೇಳಲಿ? ‘ದೇವರು ಕೊಟ್ಟಾನ’ ಅಂದೆ. ದೇವರು ಕೊಟ್ಟದ್ದಲ್ಲ, ದೇವರಿಗೆ ಕೊಡಬೇಕಾದದ್ದು ಎಂದು ಹೇಳಲು ನಾಲಿಗೆ ಏಳಲಿಲ್ಲ.

ಮೊದಲ ದಿನ ಇವರು ಸ್ವಲ್ಪ ಎದೆ ಉಬ್ಬಿಸಿಕೊಂಡೇ ಓಡಾಡಿದರು. ಆಮೇಲೆ ಊಟ ಕಡಿಮೆಯಾಯಿತು. ಅರ್ಧ ರೊಟ್ಟಿ ಮುರಿದು, ಹಿಂಡಿಪಲ್ಲೆ ಕೆದಕಿ, ಎದ್ದು ಕೈ ತೊಳೆಯುತ್ತಿದ್ದರು. ಎಲ್ಲಿಂದಾದರೂ ಕೈಗಡ ತಂದರೆ ನನ್ನ ರೊಕ್ಕ ಉಳಿದೀತು ಎಂದು ಎಕಂಬಾಕ್ಕೆ, ಚಿಕ್ಕಪ್ಪನ ಮಗನ ಹತ್ತಿರ, ಬಸ್ಸು ಹತ್ತಿ ಹೋದರು. ಸಂಜೆ ಒಂದು ಚೀಲ ಹೊಸ ಹೆಸರುಕಾಳು ಹೊತ್ತುಕೊಂಡು ಬಂದರು.

‘ಕೇಳಿದ್ರೇನು?’

‘ಎಲ್ಲಿ ಕೇಳ್ಲಿ? ಹೋದ ಕೂಡ್ಲೇ ಹೋಳಿಗಿ ಮಾಡ್ಸಿದ. ಊಟ ಆದ ಮ್ಯಾಲ ಅಂವನೇ ನನಗ ಕೇಳ್ದ, ಅಣ್ಣಾ, ಟ್ರಾಲಿ ತಗೋಬೇಕು, ಒಂದಿಷ್ಟು ಕೊಡ್ತೀಯೇನು ಅಂತ.’

ಅತ್ತೆ ನಕ್ಕರು. ನನಗೂ ತಡೆಯಲಾಗಲಿಲ್ಲ. ಇವರು ಮಾತ್ರ ನಗಲಿಲ್ಲ. ಹೆಸರಿನ ಚೀಲ ಮೂಲೆಗಿಟ್ಟು ಗೋಡೆಗೆ ಒರಗಿ ಕೂತರು. ಆ ಮುಖ ನೋಡಿ ನನ್ನ ಸಿಟ್ಟು ಇಳಿಯಿತು, ದುಃಖ ಉಳಿಯಿತು. ಹೋಗಲಿ ಬಿಡು, ಅಂಗಡಿ ಹೋದರೆ ಹೋಯಿತು, ಮನುಷ್ಯ ಉಳಿಯಲಿ ಎಂದು ಮನಸ್ಸು ಗಟ್ಟಿ ಮಾಡಿಕೊಂಡೆ. ಅಂಗಡಿ ಮಾಲೀಕನಿಗೆ ಹೇಗೆ ಹೇಳುವುದು ಎಂದು ಮಾತು ಹೊಂದಿಸಿಕೊಳ್ಳಲಿಕ್ಕೂ ಶುರು ಮಾಡಿದೆ.

ವಿಸರ್ಜನೆಯ ದಿನ ಬಂತು. ಬೆಳಿಗ್ಗೆ ಇಷ್ಟಲಿಂಗದ ಪೂಜೆ ಮುಗಿಸಿ ಎದ್ದ ಅತ್ತೆ ನನ್ನನ್ನು ಕರೆದರು.

‘ಯವ್ವಾ, ಅಂಗಡಿಗಿ ಹೋಗಿ ಸವ್ವಾ ಕಿಲೋ ಸಕ್ರಿ ತಗೊಂಡು ಬಾ.’

‘ಇಷ್ಟ್ಯಾಕ್ರಿ ಅತ್ತಿ? ಇವತ್ತ ಏನರ ಸಿಹಿ ಮಾಡೋದದ?’

‘ಒಬ್ಬರ ಬಾಯಿ ಸಿಹಿ ಮಾಡೋದದ. ತೂಕ ನೆಟ್ಟಗ ನೋಡಿ ತಗೋ. ಸವ್ವಾ ಅಂದ್ರ ಸವ್ವಾ.’

ಮನೆಯಲ್ಲಿ ಇಂಥ ಪರಿಸ್ಥಿತಿ, ಈ ಮುದುಕಿಗೆ ಸಕ್ಕರೆ ಬೇಕಾಗಿದೆ ಎಂದು ಗೊಣಗುತ್ತ ಹೋಗಿ ತಂದೆ. ಅಷ್ಟರಲ್ಲಿ ಇವರು ಬ್ಯಾಂಕಿಗೆ ಹೋಗಿ ಬಂದಿದ್ದರು.

ಮಧ್ಯಾಹ್ನ ಮೂವರೂ ಪೆಂಡಾಲಿಗೆ ಹೋದೆವು. ಇವರ ಕೈಯಲ್ಲಿ ರೊಕ್ಕದ ಚೀಲ. ಅತ್ತೆಯ ಕೈಯಲ್ಲಿ ಸಕ್ಕರೆಯ ಚೀಲ. ನಾನು ಬರಿಗೈಯಲ್ಲಿ ಹಿಂದೆ. ಬ್ಯಾಂಡಿನವರು ಸಜ್ಜಾಗಿ ನಿಂತಿದ್ದರು, ಪೇಟಾ ತಟ್ಟೆಯಲ್ಲಿತ್ತು. ಮೈಕಿನವ ಇವರ ಗುಣಗಾನ ಶುರು ಮಾಡಿದ. ಇವರು ಮೆಟ್ಟಿಲಿಗೆ ಕಾಲು ಇಡುವ ಮೊದಲೇ ಅತ್ತೆ ಸೆರಗು ಸೊಂಟಕ್ಕೆ ಸಿಕ್ಕಿಸಿ ಮೇಲೆ ಹತ್ತಿದರು. ಸಕ್ಕರೆಯ ಚೀಲವನ್ನು ಗಣಪತಿಯ ಮುಂದೆ ಇಟ್ಟರು.

‘ಇಕಾ, ತಗೋರಿ. ನಮ್ಮ ಸವ್ವಾ.’

ಮೈಕಿನವ ಮೊದಲು ನಕ್ಕ. ‘ಆಯಿ, ಇದಲ್ರಿ. ಸವ್ವಾ ಲಾಖ.’

‘ಲಾಖ ಅಂತ ಅಂದೋರು ಯಾರು?’

‘ಅಣ್ಣೋರೇ ಕೂಗ್ಯಾರಲ್ರಿ, ಎಲ್ಲಾರೂ ಕೇಳ್ಯಾರ.’

‘ನನ್ನ ಮಗ ಸವ್ವಾ ಅಂದ. ಲಾಖ ಅಂದಾಂವ ನೀ. ಹೌದಲ್ಲೋ? ಕೂಡಿದ ಮಂದಿ ಹೇಳ್ಲಿ. ದೇವರಿಗಿ ನಮ್ದು ಸವ್ವಾ ಕಿಲೋ ಸಕ್ರಿ ಹರಕಿ. ಅಂವ ಒಬ್ಬ ತಿಳಿಗೇಡಿ, ಎಲ್ಲಿ ಏನು ನಡದಾದ ನೋಡ್ದೆ ನಡುವ ಬಾಯಿ ಹಾಕ್ಯಾನ. ನೀ ಅದಕ್ಕ ಲಾಖ ಹಚ್ಚಿ ಪಟಾಕಿ ಹಾರಿಸಿದಿ.’

ಮೈಕು ಮುಂದೆಯೇ ಇತ್ತು. ಅತ್ತೆಯ ಒಂದೊಂದು ಮಾತೂ ಗಲ್ಲಿಯ ತುದಿಯತನಕ ಕೇಳಿಸಿತು. ಅತ್ತೆ ಗಣಪತಿಗೆ ಹರಕೆ ಹೊರುವ ಪೈಕಿ ಅಲ್ಲ. ‘ಕೊರಳಾಗ ದೇವರಿದ್ದವರಿಗಿ ಪೆಂಡಾಲಿನ ದೇವರು ಯಾಕ’ ಎಂದು ಮಗನನ್ನೇ ಛೇಡಿಸುವವರು. ಮಗನನ್ನು ಉಳಿಸಲು ಆಡಿದ ಆಟ ಇದು ಎಂದು ನನಗೆ ಅಲ್ಲಿ ನಿಂತಲ್ಲೇ ತಿಳಿಯಿತು. ಆದರೆ ಆ ಆಟ ಗೆಲ್ಲಬೇಕಾದರೆ ಇವರು ಒಪ್ಪಬೇಕು. ಇಡೀ ಕಾಲೋನಿಯ ಮುಂದೆ ತಾನು ತಿಳಿಗೇಡಿ ಎಂದು ಒಪ್ಪಬೇಕು.

ಮೈಕಿನವ ಇವರ ಕಡೆ ತಿರುಗಿದ. ‘ಅಣ್ಣಾ, ನೀವೇ ಹೇಳ್ರಿ. ಸಕ್ರಿನೋ, ಲಾಖೋ?’

ಇವರು ಸೋಫಾದ ಕಡೆ ನೋಡಿದರು. ತಟ್ಟೆಯಲ್ಲಿದ್ದ ಪೇಟಾ ನೋಡಿದರು. ಕೈಯಲ್ಲಿದ್ದ ಚೀಲವನ್ನು ಎದೆಗೆ ಒತ್ತಿಕೊಂಡರು. ಆಮೇಲೆ ಜನರ ನಡುವೆ ನನ್ನನ್ನು ಹುಡುಕಿದರು. ನಾನು ಏನೂ ಸನ್ನೆ ಮಾಡಲಿಲ್ಲ. ಮಾಡಬೇಕು ಅನ್ನಿಸಿತು, ಆದರೂ ಮಾಡಲಿಲ್ಲ. ಇದು ಅವರ ಬಾಯಿಯಿಂದಲೇ ಬರಬೇಕಾದ ಮಾತು.

‘ಸಕ್ರಿರಿ,’ ಅಂದರು.

ಒಬ್ಬ ಮುದುಕ ಮೊದಲು ನಕ್ಕ. ಆಮೇಲೆ ಪೆಂಡಾಲಿಗೆ ಪೆಂಡಾಲೇ ನಕ್ಕಿತು. ಹೊಟ್ಟೆ ಹಿಡಿದುಕೊಂಡು ನಕ್ಕರು, ಕುರ್ಚಿ ಬಡಿದು ನಕ್ಕರು. ನಾನು ನಗುತ್ತಿದ್ದೇನೋ ಅಳುತ್ತಿದ್ದೇನೋ ನನಗೇ ಗೊತ್ತಾಗಲಿಲ್ಲ, ಸೆರಗು ಮಾತ್ರ ಒದ್ದೆಯಾಗಿತ್ತು. ಇಷ್ಟು ಜನ ನಮ್ಮನ್ನು ನೋಡಿ ನಗುವುದು ಇಷ್ಟು ಸುಖ ಕೊಡುತ್ತದೆ ಎಂದು ಯಾರಾದರೂ ಮೊದಲೇ ಹೇಳಿದ್ದರೆ ನಂಬುತ್ತಿರಲಿಲ್ಲ.

ಮೈಕಿನವನಿಗೆ ಮಾತ್ರ ತಲೆಬಿಸಿ. ಅವ ಶೇಟ್‌ಜಿ ಕಡೆ ತಿರುಗಿದ. ‘ಹಂಗಾದ್ರ ಲಾಡು ನಿಮ್ದೇರಿ ಶೇಟ್‌ಜಿ. ಒಂದು ಲಾಖ.’

ಶೇಟ್‌ಜಿ ಗಂಟಲು ಸರಿ ಮಾಡಿಕೊಂಡರು. ‘ನೋಡ್ರಿ, ಸವಾಲು ಒಮ್ಮೆ ಮುಗೀತಂದ್ರ ಮುಗೀತು. ಆ ರೊಕ್ಕ ನಾ ಬ್ಯಾರೆ ಕಡಿ ಕೊಟ್ಟೀನಿ.’

ನನ್ನ ಪಕ್ಕದಲ್ಲೇ ಅವರ ಹೆಂಡತಿ ನಿಂತಿದ್ದರು. ಮೈತುಂಬ ಬಂಗಾರ. ಗಂಡನ ಮಾತು ಕೇಳಿ ಅವರು ದೊಡ್ಡದೊಂದು ಉಸಿರು ಬಿಟ್ಟರು. ನಾನು ಅವರ ಮುಖ ನೋಡಿದೆ, ಅವರು ನನ್ನ ಮುಖ ನೋಡಿದರು. ಕಿವಿಯ ಹತ್ತಿರ ಬಾಗಿ ಮೆಲ್ಲಗೆ ಅಂದರು, ‘ಅವತ್ತ ನಿಮ್ಮವರು ಸವ್ವಾ ಅಂದಾಗ ನನ್ನ ಜೀವ ಬಂತು ನೋಡ್ರಿ. ಪ್ಲಾಟು ಹೋಗಿ ಯಾವ ಕಾಲ ಆಯ್ತು. ಮನ್ಯಾಗ ಎಲ್ಲದ ಲಾಖ?’

ಮೈಕಿನವ ಅದಕ್ಕೂ ಕಡಿಮೆ ಕೂಗಿದ್ದ ಕಿರಾಣಿ ಅಂಗಡಿಯವರನ್ನು ಹುಡುಕಿದ. ಅವರು ಆಗಲೇ ಸ್ಕೂಟರಿಗೆ ಕಿಕ್ ಹೊಡೆಯುತ್ತಿದ್ದರು. ಏರುವಾಗ ಒಬ್ಬರ ಮೇಲೊಬ್ಬರು ಬಿದ್ದು ಕೂಗಿದ ಸವಾಲು ಇಳಿಯುವಾಗ ಹಿಡಿಯುವವರಿಲ್ಲದೆ ನೆಲಕ್ಕೆ ಬಂತು. ಕಮಿಟಿಯ ಹಿರಿಯರೊಬ್ಬರು ಎದ್ದು, ‘ಸಾಕು ಬಿಡ್ರಪಾ, ಮೊದಲಿನಂಗ ಹಂಚಿಬಿಡ್ರಿ’ ಅಂದರು. ಲಾಡು ಒಡೆದರು. ಅತ್ತೆ ತಾವೇ ಕೂತು ಒಂದೊಂದು ಚೂರಿನ ಮೇಲೆ ಚಿಟಿಕೆ ಸಕ್ಕರೆ ಹಾಕಿ ಕೊಟ್ಟರು. ಶೇಟ್‌ಜಿ ಸಾಲಿನಲ್ಲಿ ನಿಂತು ಕೈ ಒಡ್ಡಿದರು. ಆಮೇಲೆ ನಮ್ಮ ಮನೆಯವರ ಜೊತೆ ಸ್ಟೂಲು ಹಿಡಿದು ನಿಂತರು. ಇವರು ರೊಕ್ಕದ ಚೀಲ ಅಂಗಿಯೊಳಗೆ ಸಿಕ್ಕಿಸಿಕೊಂಡು ಮೇಲೆ ಹತ್ತಿ ವೈರು ಬಿಚ್ಚುತ್ತಿದ್ದರು, ಅವರು ಕೆಳಗೆ ನಿಂತು ಸುತ್ತುತ್ತಿದ್ದರು. ಇಬ್ಬರೂ ಏನೋ ಮಾತಾಡಿ ನಗುತ್ತಿದ್ದರು. ಡಿಜೆ ಗದ್ದಲದಲ್ಲಿ ಏನೆಂದು ಕೇಳಿಸಲಿಲ್ಲ.

ಮನೆಗೆ ಬರುವಾಗ ನಾನು ಅತ್ತೆಯನ್ನು ಕೇಳಿದೆ. ‘ಅತ್ತಿ, ದೇವರ ಮುಂದ ಸುಳ್ಳಾಡೀರಲ್ರಿ?’

‘ಏನು ಸುಳ್ಳಾಡೀನಿ? ಅಂವ ಸವ್ವಾ ಅಂದ, ನಾ ಸವ್ವಾ ಕೊಟ್ಟೀನಿ. ದೇವರಿಗಿ ಲಾಖ ಯಾಕ ಬೇಕು, ಅಂವಗೇನು ಮಗಳ ಮದಿವಿ ಅದೇನು?’

ಇವರು ದಾರಿಯುದ್ದಕ್ಕೂ ರೊಕ್ಕದ ಚೀಲ ಎದೆಗೆ ಒತ್ತಿ ಹಿಡಿದುಕೊಂಡೇ ನಡೆಯುತ್ತಿದ್ದರು. ಬಾಗಿಲ ಹತ್ತಿರ ನಿಂತು ಅದನ್ನು ನನ್ನ ಕೈಗೆ ಕೊಟ್ಟರು. ‘ಹಿಡಿ. ನಿಂದು,’ ಅಂದರು. ಅಷ್ಟೇ ಅಂದದ್ದು. ಅದರಲ್ಲಿ ತಪ್ಪಾಯಿತು ಎಂಬುದೂ ಇತ್ತು. ಒಳಗೆ ಬಂದವರೇ ತಟ್ಟೆ ಹಾಕಿಕೊಂಡು ಕೂತರು. ಎಕಂಬಾದ ಹೊಸ ಹೆಸರುಕಾಳಿನ ಪಲ್ಲೆ ಮಾಡಿದ್ದೆ. ರೊಟ್ಟಿಯ ಮೇಲೆ ರೊಟ್ಟಿ ಕೇಳಿ ಉಂಡರು. ನಾನು ಬಡಿಯುತ್ತ ಹೋದೆ, ಅವರು ಉಣ್ಣುತ್ತ ಹೋದರು. ಅಷ್ಟು ಸಮಾಧಾನದಿಂದ ನಾನು ಎಂದೂ ರೊಟ್ಟಿ ಬಡಿದಿರಲಿಲ್ಲ.

ಹಾಲಿನವನು ಮತ್ತೆ ಮೂರನೇ ತಾರೀಖಿಗೆ ಬಾಗಿಲು ಬಡಿಯತೊಡಗಿದ. ಭಾಲ್ಕಿಯ ತಮ್ಮ ಸ್ಟೇಟಸ್ ಬದಲಿಸಿದ. ಎಕಂಬಾದ ಚಿಕ್ಕಪ್ಪನ ಮಗ ಮಾತ್ರ ಸುದ್ದಿ ಕೇಳಿ ಫೋನಿನಲ್ಲಿ ಬಹಳ ಹೊತ್ತು ನಕ್ಕು, ‘ನಂದೂ ಜೀವ ಹಗರ ಆಯ್ತು ಅಣ್ಣಾ, ರೊಕ್ಕಸ್ಥನ ಜೋಡಿ ಹ್ಯಾಂಗ ಮಾತಾಡ್ಲಿ ಅಂತ ಅಂಜಿದ್ದೆ’ ಅಂದ. ತೊಗರಿ ರಾಶಿಯಾದ ಮೇಲೆ ಒಂದು ಚೀಲ ಕಳಿಸಿದ.

ಹಬ್ಬದ ಮರುವಾರ ಅಂಗಡಿಯ ಕೀಲಿ ನನ್ನ ಕೈಗೆ ಬಂತು. ಬೋರ್ಡಿನ ಮೇಲೆ ಬೇರೆ ಹೆಸರಿದೆ, ಆದರೆ ಬೀದರಿನ ಹೆಂಗಸರು ಅದನ್ನು ‘ಸವ್ವಾ ಸಕ್ರಿ ಟೇಲರ್’ ಎಂದೇ ಕರೆಯುತ್ತಾರೆ. ಗಿರಾಕಿಗಳು ಇಲ್ಲಿಯೂ ಜಗ್ಗಾಡುತ್ತಾರೆ. ಬೋರ್ಡಿನ ಮೇಲಿನ ನನ್ನ ಲೆಕ್ಕ ತಪ್ಪಿತ್ತು. ಭಾನುವಾರ ಇವರು ಬಂದು ಗಲ್ಲಾಪೆಟ್ಟಿಗೆಯ ಹತ್ತಿರ ಕೂಡುತ್ತಾರೆ, ಪ್ಲಾಸ್ಟಿಕ್ ಕುರ್ಚಿಯಲ್ಲೇ. ಮೊನ್ನೆ ಒಬ್ಬಳು ಕುಪ್ಪಸಕ್ಕೆ ಅರಿವೆ ಎಷ್ಟು ತರಬೇಕು ಎಂದು ಕೇಳಿದಳು. ಇವರು ‘ಸವ್ವಾ’ ಅಂದರು. ಅಂದವರೇ ಗಾಬರಿಯಾಗಿ ಅರ್ಧ ಎದ್ದು ನಿಂತು, ‘ಮೀಟರ್ ರಿ! ಮೀಟರ್!’ ಎಂದು ರಸ್ತೆಗೆಲ್ಲ ಕೇಳುವಂತೆ ಕೂಗಿದರು.